ಹೂಂ ಡಾಕ್ಟರು ಮನೆಮಂದಿಯನ್ನೇ ಮದ್ದು ಮಾಡಿದ್ದು

ನಮ್ಮ ಕಟ್ಟಡದ ಎರಡನೆಯ ಮಹಡಿಯಲ್ಲಿದ್ದ ಮನೋವಿಶ್ಲೇಷಕರು ಒಮ್ಮೆ ‘ಹೂಂ’ ಅಂದರೆ ಕೆಳಗೆ ರಸ್ತೆಯಲ್ಲಿ ಹೋಗುವ ಬಸ್ಸು ನಿಲ್ಲುತ್ತಿತ್ತು ಎಂದು ಹೇಳುವವರಿದ್ದಾರೆ. ಅದು ಉತ್ಪ್ರೇಕ್ಷೆ. ಅಲ್ಲಿ ಬಸ್ ಸ್ಟಾಪ್ ಇತ್ತು, ಬಸ್ಸು ಹೇಗೂ ನಿಲ್ಲುತ್ತಿತ್ತು. ಆದರೆ ನಿವೃತ್ತ ನ್ಯಾಯಾಧೀಶರೊಬ್ಬರು ಆ ಹೂಂನ ಹೊಡೆತಕ್ಕೆ ಐವತ್ತು ವರ್ಷದ ಹಿಂದೆ ತಮ್ಮನ ಸೈಕಲ್ಲಿನ ಗಾಳಿ ಬಿಟ್ಟವರು ತಾವೇ ಎಂದು ಒಪ್ಪಿಕೊಂಡದ್ದು ನಿಜ. ವಿಮಾ ಕಂಪನಿಯ ಮ್ಯಾನೇಜರೊಬ್ಬರು ಒಂದೇ ಒಂದು ಗಿಡ್ಡ ಹೂಂ ಕೇಳಿ ಮನೆಗೆ ಹೋದವರು ಮೂರು ದಿನ ಯೋಚಿಸಿ, ನಾಲ್ಕನೆಯ ದಿನ ರಾಜೀನಾಮೆ ಕೊಟ್ಟದ್ದೂ ನಿಜ. ಹೂಂಗಳಲ್ಲಿ ಹತ್ತೊಂಬತ್ತು ಬಗೆಯಿದ್ದವು ಎಂಬುದು ನಮ್ಮ ರಿಸೆಪ್ಷನ್ ಅಕ್ಕನ ಸಂಶೋಧನೆ. ಉದ್ದ ಹೂಂ, ಗಿಡ್ಡ ಹೂಂ, ಕೊನೆಯಲ್ಲಿ ಬಾಲ ಎತ್ತುವ ಹೂಂ, ನಿಮ್ಮನ್ನು ನಂಬಿದೆ ಎನ್ನುವ ಹೂಂ, ನಂಬಿದ್ದೇನೆ ಅಂತ ನೀವು ನಂಬಬೇಡಿ ಎನ್ನುವ ಹೂಂ. ನಾನೂ ಅವಳೂ ಊಟದ ಬಿಡುವಿನಲ್ಲಿ ಕಣ್ಣು ಮುಚ್ಚಿ ಗುರುತಿಸುವ ಪಂದ್ಯ ಆಡುತ್ತಿದ್ದೆವು. ಅವಳೇ ಗೆಲ್ಲುತ್ತಿದ್ದಳು.

ನಾನು ಹಲ್ಲಿನ ಡಾಕ್ಟರು. ನನಗೂ ಅವರಿಗೂ ನಡುವೆ ಒಂದು ತೆಳು ಗೋಡೆ, ಇಬ್ಬರಿಗೂ ಸೇರಿ ಒಂದೇ ಕಾಯುವ ಕೋಣೆ, ಒಬ್ಬಳೇ ರಿಸೆಪ್ಷನ್ ಅಕ್ಕ. ಇಬ್ಬರ ಕಸುಬೂ ಜನರ ಬಾಯಿ ತೆರೆಸುವುದು. ನನ್ನಲ್ಲಿ ಬಾಯಿ ತೆರೆದವರಿಗೆ ಮಾತಾಡಲಾಗುತ್ತಿರಲಿಲ್ಲ, ಅವರಲ್ಲಿ ಬಾಯಿ ತೆರೆದವರಿಗೆ ನಿಲ್ಲಿಸಲಾಗುತ್ತಿರಲಿಲ್ಲ, ಅಷ್ಟೇ ವ್ಯತ್ಯಾಸ. ಗೋಡೆಯಾಚೆಯ ಮಾತು ನನಗೆ ಕೇಳಿಸುತ್ತಿರಲಿಲ್ಲ. ಹೂಂ ಮಾತ್ರ ಇಟ್ಟಿಗೆಯನ್ನೂ ದಾಟಿ ಬರುತ್ತಿತ್ತು.

ಅವರ ತಂದೆ ರೈಲ್ವೆ ಸ್ಟೇಷನ್ನಿನಲ್ಲಿ ಮೈಕಿನ ಮುಂದೆ ಕೂತು ಗಾಡಿಗಳ ವೇಳೆ ಕೂಗುವ ನೌಕರ. ದಿನವಿಡೀ ಊರಿಗೆಲ್ಲ ಕೇಳುವಂತೆ ಮಾತಾಡಿ, ಮನೆಗೆ ಬಂದು ಗೋಡೆಗೆ ಮುಖ ಮಾಡಿ ಕೂರುತ್ತಿದ್ದರಂತೆ. ಮಗ ಓದಿದ, ಸಾಧಾರಣ ವೈದ್ಯನಾದ, ಆಮೇಲೆ ಇನ್ನಷ್ಟು ಓದಿ ಮನೋವಿಶ್ಲೇಷಕನಾದ. ಮಾತ್ರೆ ಇಲ್ಲ, ಸೂಜಿ ಇಲ್ಲ. ರೋಗಿ ಉದ್ದನೆಯ ಸೋಫಾದ ಮೇಲೆ ಮಲಗಿ ಮನಸ್ಸಿಗೆ ಬಂದದ್ದನ್ನೆಲ್ಲ ಹೇಳುತ್ತಾ ಹೋಗಬೇಕು. ಇವರು ತಲೆಯ ಹಿಂದೆ, ಕಣ್ಣಿಗೆ ಬೀಳದಂತೆ ಕೂತು ಕೇಳಬೇಕು. ವರ್ಷಗಟ್ಟಲೆ ಹೀಗೆ ನಡೆದರೆ ಒಳಗಿನ ಗಂಟು ಸಡಿಲವಾಗುತ್ತದೆ ಎಂಬುದು ಶಾಸ್ತ್ರ.

ಶಾಸ್ತ್ರ ಅಂದಮೇಲೆ ಮಡಿ ಇರಬೇಕಲ್ಲ. ಐವತ್ತು ನಿಮಿಷಕ್ಕೆ ಐವತ್ತೊಂದನೆಯ ನಿಮಿಷ ಸೇರುವ ಹಾಗಿಲ್ಲ. ಒಬ್ಬ ಎದ್ದ ಮೇಲೆ ದಿಂಬಿನ ಮೇಲಿನ ಕಾಗದ ಬದಲಾಯಿಸಬೇಕು. ಬರುವುದಕ್ಕೊಂದು ಬಾಗಿಲು, ಹೋಗುವುದಕ್ಕೆ ಹಿಂದುಗಡೆ ಇನ್ನೊಂದು, ಒಬ್ಬ ದುಃಖಿ ಇನ್ನೊಬ್ಬ ದುಃಖಿಯ ಮುಖ ನೋಡಬಾರದು. ರೋಗಿ ಕೊಟ್ಟರೆ ಒಂದು ಹಣ್ಣನ್ನೂ ಮುಟ್ಟಬಾರದು. ರಸ್ತೆಯಲ್ಲಿ ಎದುರಾದರೆ ತಲೆಯಾಡಿಸಬೇಕು, ನಿಲ್ಲಬಾರದು. ತನ್ನ ಸಂಸಾರದ ವಿಷಯ ಎತ್ತಬಾರದು, ತನ್ನ ಮನೆಯವರಿಗೆ ಎಂದೂ ಚಿಕಿತ್ಸೆ ಮಾಡಬಾರದು. ಹದಿನೆಂಟು ವರ್ಷ ನಮ್ಮ ಹೂಂ ಡಾಕ್ಟರು ಈ ಮಡಿಯನ್ನು ಕೂದಲಷ್ಟೂ ಕೆಡಿಸಲಿಲ್ಲ. ಮೆಟ್ಟಿಲಿನಲ್ಲಿ ಜಾರಿಬಿದ್ದ ರೋಗಿಯನ್ನು ಎತ್ತುವುದೋ ಬಿಡುವುದೋ ಎಂದು ಯೋಚಿಸುತ್ತಾ ನಿಂತು, ಕೊನೆಗೆ ನನ್ನನ್ನು ಕರೆದು ಎತ್ತಿಸಿದ ಮಹಾನುಭಾವರು ಅವರು.

ಇಂಥ ಕೋಟೆಗೆ ಲಗ್ಗೆ ಇಟ್ಟವಳು ಮಾಮೂಲಿ ಹೆಂಗಸಾಗಿರಲು ಸಾಧ್ಯವಿಲ್ಲ. ಅವಳು ನಗೆರಾಣಿ. ಪೋಸ್ಟರುಗಳಲ್ಲಿ ಹೆಸರಿನ ಮೇಲೆ ಹಾಗೆಯೇ ಬರೆಯುತ್ತಿದ್ದರು. ಅವಳ ನಗು ಸೋಪಿನ ಮೇಲಿತ್ತು, ಕ್ಯಾಲೆಂಡರಿನ ಮೇಲಿತ್ತು, ನನ್ನ ದವಾಖಾನೆಗೆ ಬರುವ ಹತ್ತರಲ್ಲಿ ಆರು ಹುಡುಗಿಯರು ಫೋಟೋ ತೋರಿಸಿ ‘ಡಾಕ್ಟ್ರೇ, ಈ ಥರ ಹಲ್ಲು’ ಎನ್ನುತ್ತಿದ್ದರು.

ಒಂದು ಮಧ್ಯಾಹ್ನ ತಲೆಗೆ ಸ್ಕಾರ್ಫು, ಕಣ್ಣಿಗೆ ತಟ್ಟೆಯಷ್ಟಗಲದ ಕಪ್ಪು ಕನ್ನಡಕ ಹಾಕಿಕೊಂಡು ಬಂದು ನಮ್ಮ ಕಾಯುವ ಕೋಣೆಯಲ್ಲಿ ನಿಂತಳು. ಯಾರೂ ಗುರುತಿಸಬಾರದೆಂದು ಎಷ್ಟು ಜಾಗ್ರತೆ ವಹಿಸಿದ್ದಳೆಂದರೆ ಎಲ್ಲರೂ ಒಂದೇ ಕ್ಷಣದಲ್ಲಿ ಗುರುತಿಸಿದರು. ಕೆನ್ನೆ ಊದಿಸಿಕೊಂಡು ಕೂತಿದ್ದ ನನ್ನ ರೋಗಿಯೊಬ್ಬ ನೋವು ಮರೆತು ಎದ್ದು ನಿಂತ. ಅಲ್ಲಾಡದವಳು ಅಕ್ಕ ಒಬ್ಬಳೇ.

“ಹೆಸರು?”

“ಗೊತ್ತಿಲ್ವಾ ನಿಮಗೆ?”

“ಗೊತ್ತು. ಆದ್ರೂ ನೀವೇ ಹೇಳ್ಬೇಕು, ಫಾರಂ ಇದೆ. ತೊಂದರೆ ಏನು?”

ನಗೆರಾಣಿ ಕನ್ನಡಕದ ಒಳಗಿಂದ ಅವಳನ್ನು ನೋಡಿದಳು. “ನಗು ಬರ್ತಿಲ್ಲ” ಅಂದಳು.

ನಿಜಕ್ಕೂ ಬರುತ್ತಿರಲಿಲ್ಲ. ಕ್ಯಾಮೆರಾ ತಿರುಗಲು ಶುರುವಾದೊಡನೆ ಅವಳಿಗೆ ಬಾಯಿ ಕಟ್ಟುತ್ತಿತ್ತು. ಕಂಠಪಾಠವಾಗಿದ್ದ ನಾಲ್ಕು ಮಾತೂ ಮರೆತುಹೋಗುತ್ತಿದ್ದವು. ಒಂದು ಸಲ ಮೇಕಪ್ ಕೋಣೆಯ ಚಿಲಕ ಹಾಕಿಕೊಂಡು ಏಳು ಗಂಟೆ ಹೊರಗೆ ಬಂದಿರಲಿಲ್ಲವಂತೆ. ಅರ್ಧಕ್ಕೆ ನಿಂತ ಚಿತ್ರದ ನಿರ್ಮಾಪಕ ಎಲ್ಲೆಲ್ಲೋ ತೋರಿಸಿ, ಕೊನೆಗೆ ನಮ್ಮ ಹೂಂ ಡಾಕ್ಟರ ಬಾಗಿಲಿಗೆ ಕಳಿಸಿದ್ದ.

ಮೊದಲ ವಾರ ಗೋಡೆಯಾಚೆ ಹೂಂಗಳು ನಿಯಮದಂತೆ ಬಿದ್ದವು. ಎರಡನೆಯ ವಾರ ಐವತ್ತೊಂದನೆಯ ನಿಮಿಷ ಬಂದು ಹೋಯಿತು, ಆಕಾಶವೇನೂ ಕಳಚಿ ಬೀಳಲಿಲ್ಲ. ಮೂರನೆಯ ವಾರ ಒಂದೂವರೆ ಗಂಟೆಯಾಯಿತು. ಕಾಯುವ ಕೋಣೆಯಲ್ಲಿ ಕಂಬದ ಗುಮಾಸ್ತರು ಒದ್ದಾಡುತ್ತಿದ್ದರು. ಇವರು ದಾರಿಯಲ್ಲಿ ಕಂಡ ಯಾವ ಕಂಬವನ್ನೂ ಮುಟ್ಟದೆ ದಾಟಲಾಗದ ಕಾಯಿಲೆಯವರು, ಆರು ವರ್ಷದಿಂದ ಐದು ಗಂಟೆಯ ಹೊತ್ತು ಅವರದೇ. ನಮ್ಮಲ್ಲಿ ಕಂಬವಿರಲಿಲ್ಲವಾದ್ದರಿಂದ ನನ್ನ ಕೋಟು ತೂಗುಹಾಕುವ ಸ್ಟ್ಯಾಂಡನ್ನು ಮುಟ್ಟಿ ಮುಟ್ಟಿ ಪಾಲಿಷ್ ಮಾಡಿಟ್ಟರು.

“ಅಕ್ಕಾ, ಐದು ಮುಕ್ಕಾಲು ಆಯ್ತು.”

“ಕಾಣ್ತಿದೆ ಸಾರ್.”

“ನನ್ನ ಐವತ್ತು ನಿಮಿಷ?”

“ಸಿನಿಮಾದಲ್ಲಿ ಸಣ್ಣ ಪಾತ್ರದವರು ಕಾಯೋದು ಇದ್ದದ್ದೇ ಸಾರ್. ಸ್ಟ್ಯಾಂಡ್ ಇನ್ನೊಂದು ಸಲ ಮುಟ್ಟಿ.”

ಅಷ್ಟರಲ್ಲಿ ಪತ್ರಿಕೆಯ ಫೋಟೋದವರಿಗೆ ಸುಳಿವು ಸಿಕ್ಕಿ, ಎದುರಿನ ಬಸ್ ಸ್ಟಾಪಿನಲ್ಲಿ ಬಸ್ಸೇ ಹತ್ತದ ಹತ್ತು ಹನ್ನೆರಡು ಜನ ದಿನವೂ ನಿಲ್ಲತೊಡಗಿದರು. ಡಾಕ್ಟರು ಅವಳ ಚಿಕಿತ್ಸೆಯನ್ನು ತಮ್ಮ ಮನೆಗೆ ಬದಲಾಯಿಸಿದರು. ಮನೆಯ ಮುಂದಿನ ಕೋಣೆಯಲ್ಲಿ ಚಿಕಿತ್ಸೆ ಮುಗಿಯುವ ಹೊತ್ತಿಗೆ ಹಿಂದಿನ ಕೋಣೆಯಲ್ಲಿ ಊಟದ ತಟ್ಟೆಗಳ ಸದ್ದಾಗುತ್ತಿತ್ತು. ಒಂದು ಸಂಜೆ ನಗೆರಾಣಿ ಆ ಸದ್ದು ಕೇಳಿ ಅತ್ತಳಂತೆ. ಹುಟ್ಟಿದ ಲಾಗಾಯ್ತು ಅವಳು ಬೆಳೆದದ್ದು ದೊಡ್ಡಮ್ಮನ ಮನೆ, ಚಿಕ್ಕಪ್ಪನ ಮನೆ, ಹಾಸ್ಟೆಲು, ಹೋಟೆಲು. ಮನೆ ಅಂತ ಒಂದಿರಲೇ ಇಲ್ಲ. ಆ ಸಂಜೆ ಡಾಕ್ಟರ ತಲೆಯಲ್ಲಿ ಒಂದು ಸಿದ್ಧಾಂತ ಹುಟ್ಟಿತು. ಆಕೆಗೆ ಬೇಕಾದದ್ದು ಸೋಫಾ ಅಲ್ಲ, ಸಂಸಾರ. ತನ್ನಲ್ಲಿ ಒಂದು ಸಂಸಾರ ಇದೆ, ಹೆಚ್ಚು ಬಳಸದೆ ಇಟ್ಟದ್ದು. ಕೊಟ್ಟರಾಯಿತು.

ಲೋಕದಲ್ಲಿ ರೋಗಿಗಾಗಿ ನಿದ್ದೆ ಬಿಟ್ಟ ವೈದ್ಯರಿದ್ದಾರೆ, ಊರು ಬಿಟ್ಟವರಿದ್ದಾರೆ. ಹೆಂಡತಿ ಮಗಳನ್ನು ಹೊತ್ತಿಗಿಷ್ಟು ಎಂದು ಬರೆದುಕೊಟ್ಟವರು ನಮ್ಮ ಹೂಂ ಡಾಕ್ಟರೊಬ್ಬರೇ. ಬರೆದೇ ಕೊಟ್ಟರು. ಅಡುಗೆಮನೆಯ ಗೋಡೆಗೆ ಒಂದು ಪಟ್ಟಿ ಅಂಟಿಸಿದರು. ಸೋಮವಾರ, ಬುಧವಾರ, ಶುಕ್ರವಾರ ಏಳಕ್ಕೆ ಕೂತು ಊಟ. ಊಟದ ನಂತರ ಮಗಳ ಜೊತೆ ಪಾತ್ರೆ ಒರೆಸುವುದು. ಭಾನುವಾರ ಹೆಂಡತಿಯ ಜೊತೆ ತರಕಾರಿ ಮಾರ್ಕೆಟ್ಟು. ಕೆಳಗೆ ಗೆರೆ ಎಳೆದು, ‘ದಯವಿಟ್ಟು ಸಹಜವಾಗಿರಿ’ ಎಂದು ಬರೆದಿದ್ದರು.

ಇದೆಲ್ಲ ನನಗೆ ಗೊತ್ತಾದದ್ದು ಅವರ ಹೆಂಡತಿಯಿಂದ. ಆಕೆ ಶಾಲೆಯಲ್ಲಿ ಭೂಗೋಳ ಕಲಿಸುವ ಟೀಚರು. ಆ ವರ್ಷ ಅವರ ಕೆಳದವಡೆಯ ಹಲ್ಲೊಂದಕ್ಕೆ ಬೇರಿನ ಚಿಕಿತ್ಸೆ ನಡೆಯುತ್ತಿತ್ತು, ಏಳೆಂಟು ಸಲ ಬರಬೇಕಾಗಿತ್ತು. ಬಾಯಿಯೊಳಗಿಂದ ನನ್ನ ಕೈ ತೆಗೆದಾಗಲೆಲ್ಲ ನಿಲ್ಲಿಸಿದ ಜಾಗದಿಂದ ಮಾತು ಶುರುಮಾಡುತ್ತಿದ್ದರು.

“ಕೇಳಿದೆ ಕಣ್ರೀ, ನಾನು ನಿಮ್ಮ ಹೆಂಡ್ತಿನಾ, ಮಾತ್ರೆನಾ ಅಂತ. ಅದಕ್ಕೇನಂದ್ರು ಗೊತ್ತಾ?”

“ಹೂಂ ಅಂದ್ರಾ?”

“ಹೂಂ ಅಂದಿದ್ರೆ ಎಷ್ಟೋ ವಾಸಿ. ‘ನಿನ್ನ ಈ ಕೋಪ ಸಹಜವಾಗಿದೆ, ಅವಳ ಮುಂದೆಯೂ ಸ್ವಲ್ಪ ತೋರಿಸು, ಸಂಸಾರದಲ್ಲಿ ಕೋಪವೂ ಇರುತ್ತೆ ಅಂತ ಅವಳಿಗೆ ಗೊತ್ತಾಗ್ಲಿ’ ಅಂದ್ರು.”

“ತೋರಿಸಿದ್ರಾ?”

“ಅವಳು ಬಂದು ಅಕ್ಕಾ ಅಂತಾಳೆ, ಈರುಳ್ಳಿ ಹೆಚ್ಚಿಕೊಡ್ತಾಳೆ. ಕೋಪ ಎಲ್ಲಿಂದ ತರೋದು ಹೇಳಿ? ಅವಳ ಮೇಲಲ್ಲ ನನಗೆ ಸಿಟ್ಟು.” ಬಾಯಿ ಮುಕ್ಕಳಿಸಿ ಉಗುಳಿ, “ಇಪ್ಪತ್ತೆರಡು ವರ್ಷದಲ್ಲಿ ಆ ಮನುಷ್ಯ ಏಳಕ್ಕೆ ಮನೆಗೆ ಬಂದಿದ್ದು ಈಗಲೇ” ಅಂದರು.

ಒಂದು ಶುಕ್ರವಾರ ನನ್ನನ್ನೂ ಊಟಕ್ಕೆ ಕರೆದರು. ಬಹುಶಃ ಪಟ್ಟಿಯಲ್ಲಿ ‘ನೆರೆಹೊರೆ’ ಎಂಬ ಗುಳಿಗೆ ಬಾಕಿಯಿತ್ತು. ಉದ್ದನೆಯ ಮೇಜು. ಒಂದು ತುದಿಗೆ ಡಾಕ್ಟರು, ಅವರ ಬಲಕ್ಕೆ ನಗೆರಾಣಿ, ಎದುರಿಗೆ ಟೀಚರು, ಮೂಲೆಯಲ್ಲಿ ಹತ್ತೊಂಬತ್ತರ ಮಗಳು. ಅಂದು ನಾನು ಕಂಡದ್ದನ್ನು ಅಕ್ಕನಿಗೆ ಹೇಳಿದರೆ ಅವಳು ನಂಬಲಿಲ್ಲ. ಹೂಂ ಡಾಕ್ಟರು ಮಾತಾಡಿದರು. ಬರೀ ಮಾತಲ್ಲ, ಮೈಕಿನ ಮುಂದೆ ತಮ್ಮ ತಂದೆ ಒಮ್ಮೆ ಆಕಳಿಸಿ ಇಡೀ ಸ್ಟೇಷನ್ನು ಆಕಳಿಸಿದ ಕಥೆ ಹೇಳಿದರು, ಅನುಕರಣೆ ಮಾಡಿ ತೋರಿಸಿದರು. ನಗೆರಾಣಿ ನಕ್ಕಳು. ಆ ಸೋಪಿನ ಮೇಲಿನ ನಗು, ಎರಡು ಮೊಳ ದೂರದಲ್ಲಿ. ಟೀಚರೂ ನಕ್ಕರು. ಮಗಳು ಮಾತ್ರ ಚಮಚ ಕೆಳಗಿಟ್ಟು ಅಪ್ಪನನ್ನೇ ನೋಡುತ್ತಿದ್ದಳು. ತಾತನ ಆ ಕಥೆಯನ್ನು ಅವಳೂ ಮೊದಲ ಸಲ ಕೇಳುತ್ತಿದ್ದಳು.

ಈ ಮಗಳನ್ನು ಮನೆಯಲ್ಲಿ ಪುಟ್ಟಿ ಎನ್ನುತ್ತಿದ್ದರು. ಔಷಧ ತಯಾರಿಕೆಯ ಕಾಲೇಜಿನಲ್ಲಿ ಎರಡನೆಯ ವರ್ಷ, ದಪ್ಪ ಕನ್ನಡಕ, ದೊಡ್ಡ ದನಿಯಿಲ್ಲ. ಮನಸ್ಸಿನಲ್ಲಿದ್ದದ್ದನ್ನು ಹೇಳಬೇಕಾದಾಗ ಕನ್ನಡಕ ತೆಗೆದು ಅಂಗೈಯಲ್ಲಿ ಮಡಚಿ ಹಿಡಿದುಕೊಳ್ಳುತ್ತಿದ್ದಳು, ಎದುರಿನವರ ಮುಖ ಕಾಣದಿದ್ದರೆ ಮಾತು ಸಲೀಸು ಎಂಬಂತೆ.

ಆ ಊಟ ಆಗಿ ಎರಡು ವಾರ ಕಳೆದ ಮೇಲೆ ಒಂದು ಮಂಗಳವಾರ, ನಾಲ್ಕಕ್ಕೆ ಐದು ನಿಮಿಷವಿರುವಾಗ ಪುಟ್ಟಿ ನಮ್ಮ ಕಾಯುವ ಕೋಣೆಗೆ ಬಂದಳು. ಅಕ್ಕನ ಪುಸ್ತಕದಲ್ಲಿ ನಾಲ್ಕು ಗಂಟೆಗೆ ಒಂದು ಹೊಸ ಹೆಸರಿತ್ತು, ಫೋನಿನಲ್ಲಿ ಬರೆಸಿದ್ದು. ಹೆಸರು ಸುಳ್ಳು, ದನಿ ಪುಟ್ಟಿಯದು.

“ನೀನೇನಮ್ಮಾ? ಅಪ್ಪನ್ನ ನೋಡೋಕೆ ಹೆಸರು ಬರೆಸ್ಬೇಕಾ?”

“ಫಾರಂ ಕೊಡಿ ಅಕ್ಕಾ.”

ಅಕ್ಕ ಪೆನ್ನು ಎತ್ತಿಕೊಂಡಳು. “ತೊಂದರೆ?”

ಪುಟ್ಟಿ ಕನ್ನಡಕ ತೆಗೆದಳು. “ಕಾಲೇಜಿಗೆ ಹೋಗ್ತಿಲ್ಲ. ಮೂರು ತಿಂಗಳಾಯ್ತು. ಬೆಳಗ್ಗೆ ಹೊರಡ್ತೀನಿ, ರೈಲ್ವೆ ಸ್ಟೇಷನ್ನಲ್ಲಿ ಕೂತ್ಕೊಂಡಿರ್ತೀನಿ. ಸಾಯಂಕಾಲ ಬರ್ತೀನಿ. ಯಾಕೆ ಅಂತ ಗೊತ್ತಿಲ್ಲ. ಕ್ಲಾಸಿನ ಬಾಗಿಲ ಹತ್ರ ಹೋದ್ರೆ ಉಸಿರು ಕಟ್ಟುತ್ತೆ. ಮನೇಲಿ ಯಾರಿಗೂ ಗೊತ್ತಿಲ್ಲ.”

ನಾನು ನನ್ನ ಬಾಗಿಲಲ್ಲಿ ಮುಂದಿನ ರೋಗಿಯನ್ನು ಕರೆಯಲು ನಿಂತವನು, ಕರೆಯಲಿಲ್ಲ. ಅಕ್ಕ ತಾನು ಬರೆದ ಫಾರಮ್ಮನ್ನು ಒಳಗೆ ತೆಗೆದುಕೊಂಡು ಹೋಗಿ ಡಾಕ್ಟರ ಮೇಜಿನ ಮೇಲೆ, ಕಣ್ಣಿಗೆ ಬೀಳುವ ಹಾಗೆ ಇಟ್ಟು ಬಂದಳು. ಆ ಹುಡುಗಿಗೆ ಬೇಕಾದದ್ದು ಐವತ್ತು ನಿಮಿಷ. ಅದಕ್ಕಿಂತ ಹೆಚ್ಚಲ್ಲ.

ನಾಲ್ಕಕ್ಕೆ ಸರಿಯಾಗಿ ಡಾಕ್ಟರು ಬಾಗಿಲು ತೆರೆದರು. “ಏನಮ್ಮಾ ಇಲ್ಲಿ? ಅಮ್ಮ ಏನಾದ್ರೂ ಕೊಟ್ಟು ಕಳಿಸಿದ್ಲಾ?”

“ನಾಲ್ಕು ಗಂಟೆ ನಂದು ಅಪ್ಪಾ.”

ಅವರಿಗೆ ಅರ್ಥವಾಗಲು ಒಂದು ಕ್ಷಣ ಬೇಕಾಯಿತು. ಆಮೇಲೆ ಬಹಳ ಮೃದುವಾಗಿ, ರೋಗಿಗಳ ಜೊತೆ ಮಾತಾಡುವ ದನಿಯಲ್ಲಿ ಹೇಳಿದರು. “ಪುಟ್ಟೀ, ಮನೆಯವರಿಗೆ ನಾನು ಚಿಕಿತ್ಸೆ ಮಾಡೋ ಹಾಗಿಲ್ಲ. ಅದು ನಿಯಮ. ಬೇಕಿದ್ರೆ ಒಳ್ಳೆಯವರೊಬ್ಬರ ಹೆಸರು ಕೊಡ್ತೀನಿ.”

“ಚಿಕಿತ್ಸೆ ಬೇಡ. ಕೇಳಿದ್ರೆ ಸಾಕು.”

“ಕೇಳೋದೇ ಕಣಮ್ಮಾ ಚಿಕಿತ್ಸೆ.”

ನೋಡಿ, ಶಾಸ್ತ್ರದ ಮಡಿ ಎಂಥದು. ಐವತ್ತು ನಿಮಿಷ ಮುರಿದಿತ್ತು, ಎರಡು ಬಾಗಿಲು ಮುರಿದಿತ್ತು, ಊಟ, ಮಾರ್ಕೆಟ್ಟಿನಲ್ಲಿ ಉಳಿದದ್ದೂ ಮುರಿದು ಚೂರಾಗಿ ಬಿದ್ದಿತ್ತು. ಉಳಿದಿದ್ದದ್ದು ಒಂದೇ ನಿಯಮ, ಅದನ್ನು ಅವರು ಪ್ರಾಣದಂತೆ ಕಾಪಾಡಿಕೊಂಡರು.

ಅಷ್ಟರಲ್ಲಿ ಮೆಟ್ಟಿಲ ಮೇಲೆ ಹಿಮ್ಮಡಿಯ ಸದ್ದಾಯಿತು. ನಗೆರಾಣಿ. ಸ್ಟುಡಿಯೋದಿಂದ ನೇರ ಓಡಿಬಂದಿದ್ದಳು, ಮುಖದ ಬಣ್ಣ ಕಣ್ಣೀರಿಗೆ ಗೆರೆಗೆರೆಯಾಗಿತ್ತು. “ಡಾಕ್ಟರ್, ಮತ್ತೆ ಮರೆತುಹೋಯ್ತು” ಅಂದಳು. ಡಾಕ್ಟರು ಬಾಗಿಲನ್ನು ಅಗಲವಾಗಿ ತೆರೆದು ಹಿಡಿದರು. ಅವಳು ಒಳಗೆ ಹೋಗುವಾಗ ಪುಟ್ಟಿಯ ಕೆನ್ನೆ ತಟ್ಟಿ, ಅವಳ ಅಂಗೈಯಲ್ಲಿ ಮಡಚಿದ ಕನ್ನಡಕವನ್ನು ಒಂದು ಗಳಿಗೆ ನೋಡಿದಳು. ಬಾಗಿಲು ಮುಚ್ಚಿತು. ಮೇಜಿನ ಮೇಲಿನ ಫಾರಮ್ಮು ಅಂದು ಸಂಜೆ ಕಸ ಗುಡಿಸುವಾಗ ಅಕ್ಕನಿಗೆ ಸಿಕ್ಕಿತು, ಕಾಫಿ ಲೋಟದ ಉಂಗುರದ ಸಮೇತ.

ಪುಟ್ಟಿಯ ಮಾತನ್ನು ಕೇಳಿಸಿಕೊಂಡವರು ಯಾರೂ ಇಲ್ಲ ಎಂದು ಹೇಳಿದರೆ ಅನ್ಯಾಯವಾಗುತ್ತದೆ. ನಗೆರಾಣಿ ಕೇಳಿಸಿಕೊಂಡಳು. ಮಾರನೆಯ ಸಂಜೆ ಪಾತ್ರೆ ಒರೆಸುತ್ತಾ, “ನಿನ್ನೆ ಯಾಕೆ ಬಂದಿದ್ದೆ ಪುಟ್ಟೀ?” ಎಂದಳು. ಪುಟ್ಟಿ ಹೇಳಿದಳು. ಸ್ಟೇಷನ್ನಿನಲ್ಲಿ ಎರಡನೆಯ ದರ್ಜೆಯವರು ಕಾಯುವ ಕೊಠಡಿ, ಕಿಟಕಿ ಪಕ್ಕದ ಬೆಂಚು, ತಂದ ಡಬ್ಬಿಯನ್ನು ಯಾರೋ ಅಜ್ಜಿಗೆ ಕೊಟ್ಟು ಖಾಲಿ ಡಬ್ಬಿ ಮನೆಗೆ ಒಯ್ಯುವುದು, ಎಲ್ಲ ಹೇಳಿದಳು. ನಾಲ್ಕು ಸಂಜೆ ಹಿಡಿಯಿತು. ನಗೆರಾಣಿ ಒರೆಸಿದ ತಟ್ಟೆಯನ್ನೇ ಮತ್ತೆ ಒರೆಸುತ್ತಾ ಒಂದು ಮಾತನ್ನೂ ಬಿಡದೆ ಕೇಳಿದಳಂತೆ. ‘ನನ್ನ ಮಾತನ್ನ ಅಷ್ಟು ಚೆನ್ನಾಗಿ ಯಾರೂ ಕೇಳಿರಲಿಲ್ಲ’ ಎಂದು ಪುಟ್ಟಿ ಆಮೇಲೆ ಅಮ್ಮನ ಹತ್ತಿರ ಹೇಳಿದ್ದಾಳೆ. ಆದರೆ ಆಗ ಅಮ್ಮನಿಗೆ ಏನೂ ಹೇಳಬಾರದೆಂದು ನಗೆರಾಣಿಯಿಂದ ಆಣೆ ಹಾಕಿಸಿಕೊಂಡವಳೂ ಪುಟ್ಟಿಯೇ. ಅಕ್ಕನ ಬಾಯಿಗೂ ನನ್ನ ಬಾಯಿಗೂ ಅವಳು ಮೊದಲೇ ಬೀಗ ಹಾಕಿಸಿದ್ದಳು. ದೊಡ್ಡವರಾದ ನಾವು ಆ ಬೀಗವನ್ನು ಒಡೆಯಬೇಕಿತ್ತು. ಒಡೆಯಲಿಲ್ಲ.

ಇತ್ತ ಕಂಬದ ಗುಮಾಸ್ತರ ಸಹನೆ ಮುಗಿದಿತ್ತು. ಅವರು ಮನೋವಿಶ್ಲೇಷಕರ ಸಂಘಕ್ಕೆ ಒಂದು ದೂರು ಬರೆದರು. ತಮ್ಮ ಐದು ಗಂಟೆ ಹದಿಮೂರು ಸಲ ತಪ್ಪಿದೆ, ಪರಿಣಾಮವಾಗಿ ಈಗ ಮರಗಳನ್ನೂ ಮುಟ್ಟಬೇಕಾಗಿ ಬಂದಿದೆ ಎಂದು ಬಹಳ ಸಭ್ಯವಾದ ದೂರು. ಅದರಲ್ಲಿ ಒಂದು ಕಡೆ ‘ಸದರಿ ನಟಿ ವೈದ್ಯರ ಮನೆಯಲ್ಲಿ ಊಟ ಮಾಡುತ್ತಾರೆಂದು ತಿಳಿದುಬಂದಿದೆ’ ಎಂಬ ವಾಕ್ಯವಿತ್ತು. ಪತ್ರಿಕೆಗಳು ಮರ, ಕಂಬಗಳನ್ನೆಲ್ಲ ಬಿಟ್ಟು ಆ ವಾಕ್ಯವನ್ನು ಹಿಡಿದವು. ವಾರದೊಳಗೆ ಇಡೀ ಊರಿಗೆ ಡಾಕ್ಟರ ಪ್ರೇಮಪ್ರಕರಣ ಬಾಯಿಪಾಠವಾಯಿತು. ಹಾಲಿನವನು, ಇಸ್ತ್ರಿಯವನು, ನನ್ನ ಕುರ್ಚಿಯಲ್ಲಿ ಬಾಯಿ ತುಂಬ ಹತ್ತಿ ಇಟ್ಟುಕೊಂಡವರು ಸಹ ಹುಬ್ಬಿನಲ್ಲೇ ಕೇಳುತ್ತಿದ್ದರು.

ಟೀಚರು ಕೊನೆಯ ಸಲ ಹಲ್ಲಿಗೆ ಟೋಪಿ ಹಾಕಿಸಿಕೊಳ್ಳಲು ಬಂದಾಗ ನಾನು ಸಮಾಧಾನ ಹೇಳಲು ಹೋದೆ. “ಜನ ಆಡ್ಕೊಳ್ಳಲಿ ಬಿಡಿ ಮೇಡಂ. ಅಂಥದ್ದೇನೂ ಇಲ್ಲ ಅಂತ ನಮಗೆ ಗೊತ್ತಲ್ಲ.”

“ಇದ್ದಿದ್ರೆ ಎಷ್ಟೋ ವಾಸಿಯಿತ್ತು” ಅಂದರು. “ನಾಲ್ಕು ಜನಕ್ಕೆ ಅರ್ಥ ಆಗ್ತಿತ್ತು. ನನಗೂ ಅರ್ಥ ಆಗ್ತಿತ್ತು. ಕಿರುಚಾಡಿ, ಸೂಟ್‌ಕೇಸ್ ತಗೊಂಡು ಅಣ್ಣನ ಮನೆಗೆ ಹೋಗ್ತಿದ್ದೆ. ಈಗ ಏನಂತ ಹೋಗ್ಲಿ? ಗಂಡ ದಿನಾ ಹೊತ್ತಿಗೆ ಸರಿಯಾಗಿ ಮನೆಗೆ ಬರ್ತಾರೆ ಅಂತಲಾ?”

ಸಂಘದ ವಿಚಾರಣೆಯಲ್ಲಿ ಮೂವರು ಹಿರಿಯರು ಕೂತಿದ್ದರು. ಸಾಕ್ಷಿಯಾಗಿ ನನ್ನನ್ನೂ ಕರೆಸಿದ್ದರಿಂದ ಆ ವೈಭವವನ್ನು ಕಣ್ಣಾರೆ ಕಂಡೆ. ಮೂವರಿಗೂ ಬೇಕಾಗಿದ್ದದ್ದು ಒಂದೇ ಉತ್ತರ.

“ಮುಟ್ಟಿದ್ದೀರಾ?”

“ಇಲ್ಲ.”

“ಕೈ?”

“ಇಲ್ಲ.”

“ಸಾಂತ್ವನಕ್ಕೆ, ಭುಜದ ಮೇಲೆ, ಹಾಗೇ ಒಮ್ಮೆ?”

“ಇಲ್ಲ.”

ಮೂವರ ಮುಖವೂ ಬಾಡಿತು. ನಡುವಿನವರು ಒಂದು ಕಾಗದ ಎತ್ತಿಕೊಂಡರು. ನಗೆರಾಣಿಯ ಹೇಳಿಕೆ, ವಕೀಲರ ಭಾಷೆ, ಅವಳ ರುಜು. ತಾನಾಗಿ ವೈದ್ಯರ ಮನೆಗೆ ಹೋಗಲು ಎಂದೂ ಕೇಳಿಲ್ಲ, ಹೋಗುವುದೇ ಚಿಕಿತ್ಸೆ ಎಂದು ಅವರು ಹೇಳಿದ್ದರು, ಬೇಡವೆಂದರೆ ಅವರಿಗೆ ಬೇಸರವಾಗುತ್ತಿತ್ತು ಎಂದಿತ್ತು. ಡಾಕ್ಟರು ಆ ಕಾಗದವನ್ನು ಕೇಳಿ ಪಡೆದು, ನಿಧಾನವಾಗಿ ಓದಿ, “ಸರಿಯಾಗಿದೆ” ಎಂದು ಹಿಂದಕ್ಕೆ ಕೊಟ್ಟರು. ಎರಡು ವರ್ಷ ರೋಗಿಗಳನ್ನು ನೋಡಕೂಡದು ಎಂದು ತೀರ್ಪಾಯಿತು. ಆ ಹೊತ್ತಿಗೆ ನಗೆರಾಣಿಗೆ ಬೇರೆ ವಿಶ್ಲೇಷಕರು ಸಿಕ್ಕಿದ್ದರು. ತೀರ್ಪು ಓದಿದ ನಡುವಿನವರೇ.

ಎರಡನೆಯ ಮಹಡಿಯ ಸೋಫಾಕ್ಕೆ ಬಟ್ಟೆ ಹೊದಿಸಿದರು. ಡಾಕ್ಟರ ಮನೆಯ ಮೇಜಿನಲ್ಲಿ ಏಳಕ್ಕೆ ತಟ್ಟೆ ಹಾಕುವುದು ನಿಂತಿತು, ಯಾರಿಗೆ ಹಸಿವಾದಾಗ ಅವರು ಬಡಿಸಿಕೊಂಡು ಉಂಡರು. ಪಟ್ಟಿ ಮಾತ್ರ ಅಡುಗೆಮನೆಯ ಗೋಡೆಯ ಮೇಲೇ ಇತ್ತು. ಪುಟ್ಟಿ ಎಂದಿನಂತೆ ಬೆಳಗ್ಗೆ ಪುಸ್ತಕ ಹಿಡಿದು ಹೊರಡುತ್ತಿದ್ದಳು.

ಐದು ತಿಂಗಳಿಗೆ ಚಿತ್ರ ಬಂತು. ನಿಂತುಹೋಗಿದ್ದ ಹಳೆಯದಲ್ಲ, ಹೊಸದು. ನಗೆರಾಣಿ ಇದರಲ್ಲಿ ನಗುವುದೇ ಇಲ್ಲವಂತೆ, ಅದೇ ದೊಡ್ಡ ಸುದ್ದಿ. ಡಾಕ್ಟರು ಉಕ್ಕುವ ಉತ್ಸಾಹದಲ್ಲಿ ಐದು ಟಿಕೆಟ್ ತಂದರು. “ಬೈದವರೆಲ್ಲ ನೋಡ್ಲಿ. ಇದು ನನ್ನ ಚಿಕಿತ್ಸೆಯ ಫಲ” ಎಂದರು. ಶನಿವಾರ ಮಧ್ಯಾಹ್ನದ ಆಟಕ್ಕೆ ನಾವು ಐವರು ಒಂದೇ ಸಾಲಿನಲ್ಲಿ ಕೂತೆವು. ಅಕ್ಕ, ನಾನು, ಟೀಚರು, ಪುಟ್ಟಿ, ಕೊನೆಗೆ ಡಾಕ್ಟರು.

ಅರ್ಧ ಗಂಟೆಯಾಗಿರಬೇಕು. ಪರದೆಯ ಮೇಲೆ ಒಂದು ರೈಲ್ವೆ ಸ್ಟೇಷನ್ನಿನ ಕೊಠಡಿ ಬಂತು. ಕಿಟಕಿ ಪಕ್ಕದ ಬೆಂಚಿನ ಮೇಲೆ ನಗೆರಾಣಿ, ದಪ್ಪ ಕನ್ನಡಕ ಹಾಕಿಕೊಂಡು, ಮಡಿಲಲ್ಲಿ ಪುಸ್ತಕಗಳು. ಡಬ್ಬಿಯ ಊಟವನ್ನು ಪಕ್ಕದ ಅಜ್ಜಿಗೆ ಕೊಟ್ಟಳು. ಎಡಗಡೆಯಿಂದ ಅಕ್ಕ ನನ್ನ ತೋಳು ಹಿಡಿದಳು. ಆಮೇಲೆ ಆ ಹುಡುಗಿ ಅಪ್ಪನ ಕಚೇರಿಗೆ ಹೋಗುತ್ತಾಳೆ. ಅಪ್ಪ ಬಾಗಿಲು ತೆರೆಯುತ್ತಾನೆ. ಅವಳು ಕನ್ನಡಕ ತೆಗೆದು ಅಂಗೈಯಲ್ಲಿ ಮಡಚಿ ಹಿಡಿದು, ‘ಏನೂ ಮಾಡೋದು ಬೇಡ ಅಪ್ಪಾ, ಕೇಳಿದ್ರೆ ಸಾಕು’ ಎನ್ನುತ್ತಾಳೆ. ಆ ಅಂಗೈ, ಆ ತಗ್ಗಿದ ದನಿ, ಕೊನೆಯ ಶಬ್ದಕ್ಕೆ ಮುಂಚೆ ನುಂಗುವ ಉಗುಳು, ಒಂದು ಎಳೆಯೂ ತಪ್ಪಿರಲಿಲ್ಲ. ಹಲ್ಲಿನ ಅಚ್ಚು ತೆಗೆಯುವವನು ನಾನು, ಅಂಥ ಅಚ್ಚು ನನ್ನ ಕೈಯಲ್ಲೂ ಬಂದಿಲ್ಲ. ಚಿತ್ರಮಂದಿರ ಪೂರ್ತಿ ಮೂಗು ಒರೆಸಿಕೊಳ್ಳುತ್ತಿತ್ತು. ಎಲ್ಲರಿಗಿಂತ ಹೆಚ್ಚು ಅತ್ತವರು ನಮ್ಮ ಸಾಲಿನ ಕೊನೆಯವರು. ಕರವಸ್ತ್ರ ನೆನೆದು, ಹೆಂಡತಿಯ ಕರವಸ್ತ್ರ ಕೇಳಿ ಪಡೆದರು.

ಟೀಚರು ಅಳಲಿಲ್ಲ. ಪರದೆಯನ್ನು ನೋಡಿ, ಪಕ್ಕಕ್ಕೆ ತಿರುಗಿ ಮಗಳನ್ನು ನೋಡಿ, ಮತ್ತೆ ಪರದೆ ನೋಡಿದರು. ಡಬ್ಬಿ ದಿನಾ ಖಾಲಿಯಾಗಿ ಬರುತ್ತಿತ್ತಲ್ಲ ಎಂದು ಅವರಿಗೆ ಆಗ ಹೊಳೆದಿರಬೇಕು. ಕತ್ತಲಲ್ಲಿ ಮಗಳ ಮಣಿಕಟ್ಟು ಹಿಡಿದುಕೊಂಡವರು ಆಟ ಮುಗಿಯುವವರೆಗೆ ಬಿಡಲಿಲ್ಲ.

ಹೊರಗೆ ಬಿಸಿಲು. ಮೆಟ್ಟಿಲ ಮೇಲೆ ಜನರ ನೂಕುನುಗ್ಗಲು. ಡಾಕ್ಟರು ಕೆಂಪು ಕಣ್ಣುಗಳಲ್ಲಿ, ಗೆದ್ದವರ ಗತ್ತಿನಲ್ಲಿ ನಮ್ಮೆಲ್ಲರನ್ನೂ ನಿಲ್ಲಿಸಿಕೊಂಡರು. “ನೋಡಿದ್ರಾ? ಮನೆ ಅಂದ್ರೇನು ಅಂತ ಗೊತ್ತಿಲ್ಲದೋಳು ಅವಳು. ಈ ಅಭಿನಯ ಎಲ್ಲಿಂದ ಬಂತು ಹೇಳಿ? ನಮ್ಮ ಮನೆಯಿಂದ.”

ಪುಟ್ಟಿ ಕನ್ನಡಕ ತೆಗೆದಳು. “ಅದು ನಾನು ಅಪ್ಪಾ.”

“ಏನು?”

“ಸ್ಟೇಷನ್ನಲ್ಲಿ ಕೂತಿದ್ದೋಳು. ಅದು ನಾನು.”

ಡಾಕ್ಟರು ಮಗಳನ್ನು ಕರುಣೆಯಿಂದ ನೋಡಿದರು. ಹೆಗಲ ಮೇಲೆ ಕೈಯಿಟ್ಟರು, ವಿಚಾರಣೆಯಲ್ಲಿ ಯಾರ ಹೆಗಲ ಮೇಲೂ ಇಟ್ಟಿಲ್ಲ ಎಂದು ಪ್ರಮಾಣ ಮಾಡಿದ ಕೈ. “ಹುಚ್ಚುಹುಡುಗಿ. ನನಗೂ ಹಾಗೇ ಅನ್ನಿಸ್ತು, ಅದು ನಾನೇ ಅಂತ. ಒಳಗೆ ಕೂತಿದ್ದ ಸಾವಿರ ಜನಕ್ಕೂ ಅನ್ನಿಸಿರುತ್ತೆ. ಅದಕ್ಕೆ ತಾದಾತ್ಮ್ಯ ಅಂತಾರೆ.” ಮುಂದಕ್ಕೆ ಹತ್ತು ನಿಮಿಷ, ಬಿಸಿಲಿನಲ್ಲಿ, ತಾದಾತ್ಮ್ಯವನ್ನು ವಿವರಿಸಿದರು. ಚೆನ್ನಾಗಿಯೇ ವಿವರಿಸಿದರು. ಪುಟ್ಟಿ ಪೂರ್ತಿ ಕೇಳಿ, ಕನ್ನಡಕ ಹಾಕಿಕೊಂಡಳು.

ಆ ವಾರ ಕಳೆಯುವುದರೊಳಗೆ ಅವಳು ಹೊರಟುಹೋದಳು. ದೂರದ ಊರಿನಲ್ಲಿ ಅಮ್ಮನ ಗೆಳತಿಯೊಬ್ಬರ ಮನೆ, ಅಲ್ಲೊಂದು ಪುಸ್ತಕದ ಅಂಗಡಿಯಲ್ಲಿ ಕೆಲಸ. ಬೀಳ್ಕೊಡಲು ಸ್ಟೇಷನ್ನಿಗೆ ಹೋದದ್ದು ಅಮ್ಮ ಒಬ್ಬರೇ. ಆ ಸಂಜೆ ಮನೆಗೆ ಬಂದು ಟೀಚರು ಗಂಡನಿಗೆ ಎಲ್ಲವನ್ನೂ ಹೇಳಿದರು, ಭೂಗೋಳದ ಪಾಠ ಹೇಳುವಂತೆ, ಒಂದೊಂದು ಜಾಗವನ್ನೂ ತೋರಿಸಿ. ಇದು ಕಿಟಕಿ, ಇದು ಬೆಂಚು, ಇದು ಡಬ್ಬಿ, ಇದು ನಿಮ್ಮ ಮೇಜಿನ ಮೇಲೆ ಬಿದ್ದಿದ್ದ ಫಾರಮ್ಮು. ಅಕ್ಕ ಅದನ್ನು ಎಸೆಯದೆ ಇಟ್ಟುಕೊಂಡು ಟೀಚರಿಗೆ ಕೊಟ್ಟಿದ್ದಳು. ಡಾಕ್ಟರು ಓದಿ ಮಡಚಿ ಜೇಬಿಗೆ ಹಾಕಿಕೊಂಡರಂತೆ.

ಎರಡು ವರ್ಷ ಮುಗಿದು ಅವರು ಮತ್ತೆ ಎರಡನೆಯ ಮಹಡಿಗೆ ಬಂದರು. ರೋಗಿಗಳು ಹೆಚ್ಚಾಗಿ ಬರಲಿಲ್ಲ. ಕಂಬದ ಗುಮಾಸ್ತರು ಬಂದರು, ಮರಗಳ ಸಮೇತ. ಐವತ್ತು ನಿಮಿಷ ಐವತ್ತೇ ಆಯಿತು. ಮಗಳು ಭಾನುವಾರ ಬೆಳಗ್ಗೆ ಹತ್ತಕ್ಕೆ ಮನೆಗೆ ಫೋನು ಮಾಡುತ್ತಾಳೆ ಎಂದು ಟೀಚರು ಹೇಳಿದ್ದರು. ಫೋನು ಡಾಕ್ಟರ ಕುರ್ಚಿಯ ಪಕ್ಕದಲ್ಲೇ ಇದೆ. ಎತ್ತುವವರೂ ಅವರೇ. “ಹೇಗಿದ್ದೀಯಮ್ಮಾ? ಅಮ್ಮನಿಗೆ ಕೊಡ್ತೀನಿ” ಎಂದು ರಿಸೀವರನ್ನು ಕೊಟ್ಟುಬಿಡುತ್ತಾರೆ. ಪ್ರತಿ ಭಾನುವಾರ, ಅಷ್ಟೇ.

ಒಂದು ಮಧ್ಯಾಹ್ನ ಊಟದ ಬಿಡುವಿನಲ್ಲಿ ಅವರೂ ನಾನೂ ಕಾಯುವ ಕೋಣೆಯ ಬೆಂಚಿನಲ್ಲಿ ಕೂತಿದ್ದೆವು. ನನಗೆ ತಡೆಯಲಾಗಲಿಲ್ಲ, ಕೇಳಿದೆ. ಬರಿದೆ ಕೇಳಲಿಲ್ಲ, ಇಷ್ಟು ವರ್ಷ ಗೋಡೆಯ ಪಕ್ಕ ಕೂತು ಕಲಿತ ವಿದ್ಯೆಯನ್ನೆಲ್ಲ ಸುರಿದೆ. ತಪ್ಪಿತಸ್ಥ ಭಾವವೇ, ತಮಗೆ ತಾವೇ ವಿಧಿಸಿಕೊಂಡ ಶಿಕ್ಷೆಯೇ, ಅಥವಾ ಆ ಒಂದು ನಿಯಮವನ್ನು ಕೊನೆಯವರೆಗೂ ಪಾಲಿಸುವ ಹಟವೇ, ಅಥವಾ ಅಪ್ಪ ಮಗಳ ನಡುವೆ ಮೌನವೇ ಈಗ ಉಳಿದಿರುವ ಪ್ರಾಮಾಣಿಕ ಮಾತು ಎಂಬ ಭಾವನೆಯೇ. “ಅವಳು ಫೋನ್ ಮಾಡಿದಾಗ ನೀವು ಯಾಕೆ ಮಾತಾಡಲ್ಲ ಡಾಕ್ಟ್ರೇ?”

ಅವರು ತಮ್ಮ ಊಟದ ಡಬ್ಬಿಯ ಮುಚ್ಚಳ ಹಾಕಿದರು.

“ಏನು ಮಾತಾಡ್ಬೇಕು ಅಂತ ಗೊತ್ತಾಗಲ್ಲ ಕಣ್ರೀ” ಎಂದರು. “ಮೊದಲಿಂದಲೂ ಅಷ್ಟೇ. ಆ ನಟಿ ಊಟಕ್ಕೆ ಬರ್ತಿದ್ದಾಗ ಏನಾದ್ರೂ ಹೊಳೀತಿತ್ತು.”